ಮಂಜರಾಬಾದಿನ ಬೆಟ್ಟಗಳೂ ಬಣ್ಣ ಹಚ್ಚಿದವರೂ

ಹಾಸನವನ್ನು ಬಿಟ್ಟು ಪಶ್ಚಿಮಕ್ಕೆ ಹೊರಟ ಬಸ್ಸು ಆಲೂರನ್ನು ಸಮೀಪಿಸುತ್ತಿದ್ದಂತೆ ಬಯಲುಸೀಮೆ ತನ್ನ ಗಂಟುಮೂಟೆ ಕಟ್ಟತೊಡಗುತ್ತದೆ. ಆಲೂಗೆಡ್ಡೆಯ ಹೊಲಗಳು ಒಂದೊಂದಾಗಿ ಹಿಂದೆ ಸರಿಯುತ್ತವೆ. ಭತ್ತದ ಗದ್ದೆಗಳೂ ಶುಂಠಿಯ ಮಡಿಗಳೂ ಮುಂದೆ ಬರುತ್ತವೆ. ಗೊರೂರಿನ ಅಣೆಕಟ್ಟಿನಿಂದ ಹಿಂದಕ್ಕೆ ಚಾಚಿಕೊಂಡ ಹೇಮಾವತಿಯ ನೀರು ಎಲ್ಲೋ ಒಂದೆಡೆ ಮಿಂಚಿ ಮರೆಯಾಗುತ್ತದೆ. ಪೂರ್ತಿ ಮಲೆನಾಡೂ ಅಲ್ಲದ, ಪೂರ್ತಿ ಬಯಲೂ ಅಲ್ಲದ ಈ ನೆಲವನ್ನು ಅರೆಮಲೆನಾಡೆಂದು ಕರೆಯುವುದುಂಟು. ಆಲೂರು ದಾಟಿದ ಮೇಲೆ ರಸ್ತೆಗೆ ತಿರುವುಗಳು ಹೆಚ್ಚುತ್ತವೆ. ಬೂದುಬಣ್ಣದ ಕಾಂಡದ ಸಿಲ್ವರ್ ಓಕ್ ಮರಗಳು, ಅವುಗಳ ಮೈಯನ್ನು ತಬ್ಬಿ ಏರಿದ ಮೆಣಸಿನ ಬಳ್ಳಿಗಳು, ಕೆಳಗೆ ನೆರಳಿನಲ್ಲಿ ಒತ್ತೊತ್ತಾಗಿ ನಿಂತ ಕಾಫಿ ಗಿಡಗಳು. ಹಾಸನದಿಂದ ಸುಮಾರು 40 ಕಿಲೋಮೀಟರ್ ಬಂದರೆ ಹೇಮಾವತಿಯ ದಡದಲ್ಲಿ ಸಕಲೇಶಪುರ.

ಊರಿಗೆ ಹೆಸರು ಕೊಟ್ಟ ಸಕಲೇಶ್ವರನ ಹಳೆಯ ಗುಡಿ ನದಿಯ ಬದಿಯಲ್ಲೇ ಇದೆ. ಊರನ್ನು ದಾಟಿ ಘಟ್ಟದ ಕಡೆಗೆ ಹೊರಟವರಿಗೆ ಹೆದ್ದಾರಿಯ ಪಕ್ಕದ ಗುಡ್ಡವೊಂದರ ನೆತ್ತಿಯಲ್ಲಿ ಮಂಜರಾಬಾದಿನ ಕೋಟೆ ಸಿಗುತ್ತದೆ. 1792ರಲ್ಲಿ ಟಿಪ್ಪು ಸುಲ್ತಾನ ಕಟ್ಟಿಸಿದ ಈ ಕೋಟೆಗೆ ಎಂಟು ಮೂಲೆಗಳು. ಮೇಲಿನಿಂದ ನೋಡಿದರೆ ನಕ್ಷತ್ರದ ಆಕಾರ. ಇಲ್ಲಿನ ಮಂಜನ್ನು ಕಂಡು ಸುಲ್ತಾನನೇ ಹೆಸರಿಟ್ಟನೆಂದು ಊರವರು ಹೇಳುತ್ತಾರೆ. ಆಷಾಢದ ಒಂದು ಬೆಳಿಗ್ಗೆ ಮೆಟ್ಟಿಲೇರಿ ಬಂದು, ತನ್ನ ಕೈಯ ಬೆರಳೇ ತನಗೆ ಕಾಣದೆ ನಿಂತ ಪ್ರವಾಸಿಗೆ ಆ ಕಥೆಯನ್ನು ನಂಬಲು ಬೇರೆ ಸಾಕ್ಷ್ಯ ಬೇಕಾಗುವುದಿಲ್ಲ.

ಬೆಂಗಳೂರು ಮೈಸೂರುಗಳಿಂದ ಬರುವ ಕುಟುಂಬಗಳಲ್ಲಿ ಅನೇಕರಿಗೆ ಈ ಬೆಟ್ಟಗಳು ಮೊದಲ ಭೇಟಿಯಲ್ಲೇ ಪರಿಚಿತವೆನಿಸುವುದುಂಟು. ಎಲ್ಲೋ ನೋಡಿದ ನೆನಪು. ಅದು ಸುಳ್ಳೂ ಅಲ್ಲ. ಅವರು ನೋಡಿದ್ದಾರೆ, ಚಿತ್ರಮಂದಿರದ ಕತ್ತಲೆಯಲ್ಲಿ. 2006ರ ಡಿಸೆಂಬರಿನಲ್ಲಿ ತೆರೆಗೆ ಬಂದ ಯೋಗರಾಜ ಭಟ್ಟರ ‘ಮುಂಗಾರು ಮಳೆ’ಯನ್ನು ಕನ್ನಡಿಗರು ಒಂದು ವರ್ಷಕ್ಕೂ ಮಿಕ್ಕಿ ಮುಗಿಬಿದ್ದು ನೋಡಿದರು. ಆ ಕಥೆ ನಡೆಯುವುದು ಮಡಿಕೇರಿಯಲ್ಲಿ. ಆದರೆ ತೆರೆಯ ಮೇಲೆ ಸುರಿದ ಮಳೆಯಲ್ಲಿ ದೊಡ್ಡ ಪಾಲು ಸಕಲೇಶಪುರದ್ದು. ಎಂದರೆ, ಹಾಸನ ಜಿಲ್ಲೆಯ ಬೆಟ್ಟ ಕೊಡಗಿನ ವೇಷ ಹಾಕಿತ್ತು. ಆ ಬೆಟ್ಟದ ಮುಂದೆ ಕೊಡವರ ಹುಡುಗಿಯಾಗಿ ನಿಂತ ಪೂಜಾ ಗಾಂಧಿ ಉತ್ತರ ಭಾರತದಿಂದ ಬಂದವರು. ಹುಡುಗಿಯ ತಂದೆ, ಕೊಡವ ಕರ್ನಲ್, ಅನಂತನಾಗ್. ಪ್ರೇಕ್ಷಕರಿಗೆ ಇದರಿಂದ ಯಾವ ಕೊರತೆಯೂ ಆಗಲಿಲ್ಲ. ಅದು ಪ್ರೇಮದ ಕಥೆ. ಅದರಲ್ಲಿ ನಿಜವಾದ ತಾರೆ ಮಳೆ. ಮಳೆಗೆ ಜಿಲ್ಲೆಯ ಗಡಿ ಯಾರು ಕೇಳುತ್ತಾರೆ?

ಆದರೂ ಕುತೂಹಲಿಯಾದ ಪ್ರವಾಸಿಗೆ ಒಂದು ಪ್ರಶ್ನೆ ಉಳಿಯುತ್ತದೆ. ಹಾಡಿನಲ್ಲಿ ಕಂಡ ಬೆಟ್ಟ ಇದೇ, ಮಂಜು ಇದೇ, ತಿರುವೂ ಇದೇ. ಆದರೆ ಬಸ್ಸಿನಲ್ಲಿ ಪಕ್ಕದಲ್ಲಿ ಕುಳಿತ ಈ ಮುಖಗಳು ಆ ಹಾಡಿನಲ್ಲಿ ಎಲ್ಲಿದ್ದವು?

ಈ ಮುಖಗಳಾದರೂ ಒಂದೇ ಬಗೆಯವಲ್ಲ. ಕಾಫಿ ಇಲ್ಲಿ ದೊಡ್ಡ ಬೆಳೆಯಾದದ್ದು ಹತ್ತೊಂಬತ್ತನೆಯ ಶತಮಾನದ ನಡುವಿನಲ್ಲಿ, ಇಂಗ್ಲಿಷ್ ಪ್ಲಾಂಟರುಗಳು ಬಂದ ಮೇಲೆ. 1850ರ ದಶಕದಲ್ಲಿ ಬಂದು ನೆಲೆಸಿದ ರಾಬರ್ಟ್ ಎಲಿಯಟ್ ಎಂಬಾತ ಮಂಜರಾಬಾದಿನ ತನ್ನ ಅನುಭವಗಳನ್ನು ಕುರಿತು 1871ರಲ್ಲೇ ಪುಸ್ತಕ ಪ್ರಕಟಿಸಿದ. ತೋಟಗಳ ಹಿಂದೆ ಜನ ಬಂದರು. ಊರಿನ ಒಕ್ಕಲಿಗ ಮನೆತನಗಳೂ ಇಲ್ಲಿನ ದಲಿತ ಕುಟುಂಬಗಳೂ ಮೊದಲೇ ಇದ್ದವು. ಘಟ್ಟ ಹತ್ತಿ ತುಳು ಮಾತಿನವರು ಬಂದರು, ಬ್ಯಾರಿಗಳು ಬಂದರು, ಕೊಂಕಣಿ ಮಾತಾಡುವ ಕ್ರೈಸ್ತರು ಬಂದರು. ಪೂರ್ವದಿಂದ ತಮಿಳರು ಬಂದರು. ಈಚಿನ ವರ್ಷಗಳಲ್ಲಿ ಅಸ್ಸಾಮಿನಿಂದಲೂ ಜನ ಬರುತ್ತಾರೆ. ತೋಟದ ಲೈನ್ ಮನೆಗಳ ಒಂದೇ ಸಾಲಿನಲ್ಲಿ ಮೂರು ನಾಲ್ಕು ಭಾಷೆಯ ಒಲೆಗಳು ಹೊತ್ತಿಕೊಳ್ಳುವುದು ಇಲ್ಲಿ ಹೊಸದಲ್ಲ. ಸಿನಿಮಾದವರು ಈ ಸಾಲಿನ ಮುಂದೆಯೇ ಕ್ಯಾಮರಾ ಹೊತ್ತು ನಡೆದು ಗುಡ್ಡದ ತುದಿಗೆ ಹೋಗುತ್ತಾರೆ. ಸಾಲಿನವರು ತೆರೆಯ ಮೇಲೆ ಬಂದರೆ ಜೀಪಿನ ಚಾಲಕರಾಗಿ, ಕಂಬಳಿ ಹೊದ್ದ ಕಾವಲುಗಾರರಾಗಿ, ನಾಯಕನಿಗೆ ದಾರಿ ತೋರಿಸಿ ಮರೆಯಾಗುವವರಾಗಿ ಬರುತ್ತಾರೆ.

ಆದರೆ ಸಕಲೇಶಪುರ ತಾಲ್ಲೂಕಿನಲ್ಲೇ ಈ ಜನ ತಾವೇ ಬಣ್ಣ ಹಚ್ಚಿಕೊಂಡು ನಿಂತ ಸ್ಥಳವೊಂದುಂಟು. ರಕ್ಷಿದಿ ಮತ್ತು ಬೆಳ್ಳೇಕೆರೆ ಎಂಬ ಹೆಸರುಗಳನ್ನು ಕನ್ನಡ ರಂಗಭೂಮಿಯ ಸುದ್ದಿ ಓದುವವರು ಕೇಳಿರುತ್ತಾರೆ. ಅಲ್ಲಿನ ಜೈ ಕರ್ನಾಟಕ ಸಂಘದ ನಾಟಕಗಳಲ್ಲಿ ಪಾತ್ರ ಮಾಡಿದವರು ಕಾಫಿ ತೋಟದ ಕೂಲಿಗಳು, ಸಣ್ಣ ರೈತರು, ಅವರ ಮನೆಯವರು. ತೋಟದಲ್ಲೇ ದುಡಿಯುತ್ತ ಅವರನ್ನೆಲ್ಲ ಕಟ್ಟಿಕೊಂಡು ನಾಟಕ ಆಡಿಸಿದವರು ಪ್ರಸಾದ್ ರಕ್ಷಿದಿ. ಆ ಅನುಭವವನ್ನೆಲ್ಲ ಅವರು ‘ಬೆಳ್ಳೇಕೆರೆ ಹಳ್ಳಿ ಥೇಟರ್’ ಎಂಬ ಪುಸ್ತಕದಲ್ಲಿ ಬರೆದಿದ್ದಾರೆ. ಥೇಟರ್ ಎಂಬ ಪದವನ್ನು ಹಳ್ಳಿಯವರ ಬಾಯಿಯಲ್ಲಿ ಬಂದಂತೆಯೇ ಹೆಸರಿಗೆ ಇಟ್ಟುಕೊಂಡದ್ದು ಚೆನ್ನಾಗಿದೆ.

ಕಾಫಿ ಸೀಮೆಯ ದುಡಿಮೆಯನ್ನು ಬಲ್ಲವರಿಗೆ ಮಾತ್ರ ಇಂಥ ನಾಟಕದ ಶ್ರಮ ಅರ್ಥವಾದೀತು. ನವೆಂಬರ್ ಡಿಸೆಂಬರ್ ಬಂತೆಂದರೆ ಅರೇಬಿಕಾದ ಕೊಯ್ಲು. ಅದು ಮುಗಿಯುವಷ್ಟರಲ್ಲಿ ರೊಬಸ್ಟಾ ಹಣ್ಣಾಗುತ್ತದೆ. ಬೆಳಿಗ್ಗೆ ಮಂಜು ಹರಿಯುವ ಮೊದಲೇ ತೋಟಕ್ಕೆ ಇಳಿಯಬೇಕು. ಸೊಂಟಕ್ಕೆ ಚೀಲ ಕಟ್ಟಿಕೊಂಡು ಹಣ್ಣನ್ನು ಕಾಯಿಯಿಂದ ಬೇರ್ಪಡಿಸಿ ಕೀಳಬೇಕು. ಸಂಜೆ ತೂಕದ ಮುಂದೆ ಸರದಿ ನಿಲ್ಲಬೇಕು. ಮನೆಗೆ ಬಂದು ಸೌದೆ ಒಟ್ಟಬೇಕು. ಮಳೆಗಾಲದಲ್ಲಿ ಜಿಗಣೆ, ಕೆಸರು, ಕಳೆಗೆಲಸ. ಇವೆಲ್ಲದರ ನಡುವೆ ಒಬ್ಬಾಕೆ ನಾಟಕದ ಮಾತನ್ನು ಬಾಯಿಪಾಠ ಮಾಡಬೇಕು. ಓದು ಬಾರದವರು ಇನ್ನೊಬ್ಬರಿಂದ ಕೇಳಿ ಕಲಿಯಬೇಕು. ತನ್ನ ಜತೆಯವರು ಪಕ್ಕದ ಸಾಲಿನಲ್ಲಿ ಗಿಡಕ್ಕೆ ಬಾಗಿ ನಿಂತು ಎದುರು ಪಾತ್ರದ ಮಾತನ್ನು ಎತ್ತಿಕೊಟ್ಟರೆ ಅಲ್ಲೇ ಅಭ್ಯಾಸ. ಪಟ್ಟಣದ ಹವ್ಯಾಸಿ ತಂಡಗಳು ‘ಹಾಲ್ ಸಿಗಲಿಲ್ಲ’ ಎಂದು ಗೊಣಗುವುದನ್ನು ಕೇಳಿದವರು ಇದನ್ನು ಒಮ್ಮೆ ನೆನೆಯಬಹುದು.

ಇದಕ್ಕೆ ಈಗ ಇನ್ನೊಂದು ತೊಡಕು ಸೇರಿದೆ. ಆಲೂರು, ಸಕಲೇಶಪುರಗಳ ತೋಟ ಗದ್ದೆಗಳಲ್ಲಿ ಆನೆಗಳ ಓಡಾಟ ಬಹಳ ವರ್ಷಗಳಿಂದ ನಿಂತಿಲ್ಲ. 2014ರ ಸುಮಾರಿಗೆ ಸರ್ಕಾರ ಈ ಭಾಗದಿಂದ ಇಪ್ಪತ್ತಕ್ಕೂ ಹೆಚ್ಚು ಆನೆಗಳನ್ನು ಹಿಡಿದು ಸಾಗಿಸಿತು. ಬೇರೆ ಆನೆಗಳು ಬಂದವು. ಅಂಬಾರಿ ಹೊತ್ತು ಮೈಸೂರಿನಲ್ಲಿ ಎಲ್ಲರ ಪ್ರೀತಿ ಗಳಿಸಿದ್ದ ಅರ್ಜುನ 2023ರ ಡಿಸೆಂಬರಿನಲ್ಲಿ ಕಾಡಾನೆಯೊಂದಿಗೆ ಸೆಣಸಿ ಪ್ರಾಣಬಿಟ್ಟದ್ದೂ ಇದೇ ಸಕಲೇಶಪುರದ ಯಸಳೂರು ಕಾಡಿನಲ್ಲಿ. ಇಂಥ ಊರುಗಳಲ್ಲಿ ರಾತ್ರಿ ಹತ್ತಕ್ಕೆ ನಾಟಕ ಮುಗಿಸಿ ಮಕ್ಕಳನ್ನು ಎತ್ತಿಕೊಂಡು ಕಾಲುದಾರಿಯಲ್ಲಿ ಮನೆಗೆ ಹೋಗುವುದೆಂದರೆ ಟಾರ್ಚೊಂದಿದ್ದರೆ ಸಾಲದು.

ಹಳ್ಳಿಯ ರಂಗದ ಮೇಲೆ ನಿಂತ ನಟನ ಸ್ಥಿತಿ ಒಂದು ವಿಧದಲ್ಲಿ ಸುರಕ್ಷಿತವಾದುದು. ಎದುರು ಕುಳಿತವರೆಲ್ಲರಿಗೂ ಆತನ ಪರಿಚಯವಿದೆ. ರಾಜನ ಕಿರೀಟದ ಕೆಳಗಿರುವುದು ಬೆಳಿಗ್ಗೆ ಹಣ್ಣು ಕೀಳುತ್ತಿದ್ದ ತಮ್ಮವನೇ ಎಂದು ಅವರು ಬಲ್ಲರು. ಆತ ಕುಡುಕನ ಪಾತ್ರ ಮಾಡಿದರೆ ‘ತೋಟದ ಕೂಲಿಗಳೆಲ್ಲ ಕುಡುಕರು’ ಎಂಬ ತೀರ್ಮಾನಕ್ಕೆ ಯಾರೂ ಬರುವುದಿಲ್ಲ. ಸಿನಿಮಾದಲ್ಲಿ ಹಾಗಲ್ಲ. ಅಲ್ಲಿ ನೋಡುವವನು ಅಪರಿಚಿತ. ಅವನ ಮುಂದೆ ನಿಂತ ಒಂದು ಮುಖ ಇಡೀ ಜನಾಂಗದ ಮುಖವಾಗಿಬಿಡುತ್ತದೆ. ಆ ಮುಖ ಯಾರದಾಗಿರಬೇಕು?

ಈ ಪ್ರಶ್ನೆಗೆ ಆತುರದ ಉತ್ತರ ಸಲ್ಲದು ಎನ್ನುವುದಕ್ಕೆ ನೆರೆಯ ಮೂಡಿಗೆರೆಯೇ ಒಂದು ದೃಷ್ಟಾಂತ ಕೊಟ್ಟಿದೆ. ಸಕಲೇಶಪುರಕ್ಕೆ ಗಡಿ ಹಂಚಿಕೊಂಡ ಆ ತಾಲ್ಲೂಕಿನಲ್ಲಿ ತೋಟ ಮಾಡಿಕೊಂಡು, 2007ರಲ್ಲಿ ತೀರಿಕೊಳ್ಳುವವರೆಗೂ ಅಲ್ಲೇ ಬರೆದ ಪೂರ್ಣಚಂದ್ರ ತೇಜಸ್ವಿಯವರ ‘ತಬರನ ಕಥೆ’ಯನ್ನು ಗಿರೀಶ ಕಾಸರವಳ್ಳಿಯವರು ಚಿತ್ರವಾಗಿಸಿದರು. ಪಿಂಚಣಿಗಾಗಿ ಕಚೇರಿಯಿಂದ ಕಚೇರಿಗೆ ಅಲೆದು, ಕಾಲು ಕೊಳೆಯುತ್ತಿರುವ ಹೆಂಡತಿಯನ್ನು ಉಳಿಸಿಕೊಳ್ಳಲಾಗದೆ ಬುದ್ಧಿ ಕದಡುವ ತಬರನಾಗಿ ನಟಿಸಿದವರು ಚಾರುಹಾಸನ್. ತಮಿಳುನಾಡಿನ ಪರಮಕುಡಿಯವರು, ವೃತ್ತಿಯಿಂದ ವಕೀಲರಾಗಿದ್ದವರು. 1986ರ ಸಾಲಿನ ಶ್ರೇಷ್ಠ ನಟನೆಂಬ ರಾಷ್ಟ್ರಪ್ರಶಸ್ತಿ ಅವರಿಗೆ ಬಂತು. ಶ್ರೇಷ್ಠ ಚಿತ್ರವೆಂಬ ಗೌರವ ಚಿತ್ರಕ್ಕೆ ಬಂತು. ಮಲೆನಾಡಿನ ಒಬ್ಬ ಬಡ ಜವಾನ ಇವರಿಗಿಂತ ನಿಜವಾಗಿ ತೆರೆಯ ಮೇಲೆ ಬಂದದ್ದು ಅಪರೂಪ. ಪರಕೀಯನಾದ ನಟ ಒಳಗಿನವನಾಗಬಲ್ಲನೆಂಬುದಕ್ಕೆ ಬೇರೆ ಪುರಾವೆ ಏಕೆ? ಆದರೆ ಅದಕ್ಕೆ ತೇಜಸ್ವಿಯವರ ಕಥೆ ಬೇಕಾಯಿತು, ಕಾಸರವಳ್ಳಿಯವರ ತಾಳ್ಮೆ ಬೇಕಾಯಿತು. ಎಲ್ಲ ಚಿತ್ರಗಳಿಗೂ ಅಂಥ ಭಾಗ್ಯ ಒದಗುವುದಿಲ್ಲ.

ತೇಜಸ್ವಿಯವರದೇ ಇನ್ನೊಂದು ಕಥೆ ಬೇರೆ ರೀತಿಯಲ್ಲಿ ತೆರೆ ಕಂಡಿತು. ‘ಅಬಚೂರಿನ ಪೋಸ್ಟಾಫೀಸು’ ಸಂಕಲನದ ‘ಡೇರ್‌ಡೆವಿಲ್ ಮುಸ್ತಫಾ’. ಅಬಚೂರು ಭೂಪಟದಲ್ಲಿ ಸಿಗುವ ಊರಲ್ಲ. ಆದರೆ ಮೂಡಿಗೆರೆ, ಸಕಲೇಶಪುರಗಳ ಯಾವ ಪೇಟೆಯಲ್ಲಿ ಬಸ್ಸಿಳಿದರೂ ಅದು ಎದುರಾಗುತ್ತದೆ. ಅಲ್ಲಿನ ಕಾಲೇಜಿಗೆ ಮೊದಲ ಮುಸ್ಲಿಂ ವಿದ್ಯಾರ್ಥಿಯೊಬ್ಬ ಸೇರುತ್ತಾನೆ. ಅವನನ್ನು ಕಾಣುವ ಮುನ್ನವೇ ತರಗತಿಯ ಹುಡುಗರು ಅವನ ಬಗ್ಗೆ ಎಲ್ಲವನ್ನೂ ಕಲ್ಪಿಸಿಕೊಂಡಿರುತ್ತಾರೆ. ಕಥೆಯ ನಗುವೆಲ್ಲ ಅವರ ಕಲ್ಪನೆಗೂ ಬಂದು ನಿಂತ ಹುಡುಗನಿಗೂ ನಡುವಿನ ಅಂತರದಲ್ಲಿದೆ. ಶಶಾಂಕ್ ಸೋಗಾಲ್ ಎಂಬ ಯುವಕರು ಇದನ್ನು ಚಿತ್ರ ಮಾಡಹೊರಟಾಗ ಹಣ ಹಾಕಿದ್ದು ದೊಡ್ಡ ನಿರ್ಮಾಪಕರಲ್ಲ. ತೇಜಸ್ವಿಯವರನ್ನು ಓದಿ ಮೆಚ್ಚಿದ ಸುಮಾರು ನೂರು ಮಂದಿ ತಲೆಗಿಷ್ಟೆಂದು ಕೂಡಿಸಿ ನಿರ್ಮಾಪಕರಾದರು. ಒಂದು ಪುಸ್ತಕದ ಓದುಗರೇ ಒಂದು ಸಮುದಾಯವಾಗಿ ಸಿನಿಮಾ ಮಾಡಿದ ಸಂಗತಿ ಕನ್ನಡದಲ್ಲಿ ಆಗಾಗ ನಡೆಯುವಂಥದಲ್ಲ.

ಚಿತ್ರ 2023ರ ಮೇ ತಿಂಗಳಲ್ಲಿ ಬಿಡುಗಡೆಯಾಯಿತು. ಮುಸ್ತಫಾನ ಪಾತ್ರ ಶಿಶಿರ ಬೈಕಾಡಿಯವರದು, ಅವನಿಗೆ ಎದುರಾಗಿ ನಿಲ್ಲುವ ರಾಮಾನುಜ ಅಯ್ಯಂಗಾರಿಯ ಪಾತ್ರ ಆದಿತ್ಯ ಆಶ್ರೀಯವರದು, ಇಬ್ಬರೂ ಹೊಸಬರು. ಹೊಸಬರ ಚಿತ್ರಕ್ಕೆ ಚಿತ್ರಮಂದಿರ ಸಿಗಬೇಕಾದರೆ ಯಾರಾದರೂ ಹೆಗಲು ಕೊಡಬೇಕು. ಕೊಟ್ಟವರು ಧನಂಜಯ. ‘ಟಗರು’ ಚಿತ್ರದ ಡಾಲಿಯೆಂದರೆ ಮನೆಯ ಮಕ್ಕಳಿಗೂ ಗೊತ್ತು. ಅವರು ಹಾಸನ ಜಿಲ್ಲೆಯವರೇ: ಅರಸೀಕೆರೆ ತಾಲ್ಲೂಕಿನ ಕಾಳೇನಹಳ್ಳಿ, ತೆಂಗು ಮತ್ತು ಬರಗಾಲದ ಸೀಮೆ. ಅಲ್ಲಿಂದ ಸಕಲೇಶಪುರದ ಮಳೆಗೆ ಜಿಲ್ಲೆಯ ಒಂದು ತುದಿಯಿಂದ ಇನ್ನೊಂದು ತುದಿ. ಆ ಚಿತ್ರವನ್ನು ಅವರು ತಮ್ಮ ಸಂಸ್ಥೆಯ ಹೆಸರಿನಲ್ಲಿ ಅರ್ಪಿಸಿದರು. ಮುಖ ತೋರಿಸುವುದರ ಜತೆಗೆ, ಇತರರ ಮುಖಗಳು ಕಾಣುವಂತೆ ಪಕ್ಕಕ್ಕೆ ಸರಿದು ನಿಲ್ಲುವುದೂ ನಟನೊಬ್ಬ ಮಾಡಬಹುದಾದ ಕೆಲಸ. ಆ ಕೆಲಸಕ್ಕೆ ಸಂಭಾವನೆಯ ಪಟ್ಟಿಯಲ್ಲಿ ಹೆಸರಿಲ್ಲ.

ಹೆಸರಾದ ನಟ ಸಮುದಾಯದ ಚಿತ್ರಕ್ಕೆ ಬಲವಾಗಬಲ್ಲ. ಆದರೆ ಹೆಸರೇ ಇಲ್ಲದ ಹುಡುಗನೊಬ್ಬ ತನ್ನ ಸಮುದಾಯದ ಒಂಟಿ ಪ್ರತಿನಿಧಿಯಾಗಿ ದೊಡ್ಡ ಚಿತ್ರಕ್ಕೆ ಹೋದರೆ? ಇದನ್ನು ತಿಳಿಯಲು ಮಂಜರಾಬಾದಿನ ಬೆಟ್ಟಗಳಿಂದ ಬಹುದೂರದ ಬೆಟ್ಟದ ಜನರ ಕಥೆಯೊಂದನ್ನು ಕೇಳಬೇಕು.

ಲಾವೋಸ್ ದೇಶದ ಎತ್ತರದ ಬೆಟ್ಟಗಳಲ್ಲಿ ಬೇಸಾಯ ಮಾಡಿಕೊಂಡಿದ್ದ ಹ್ಮಾಂಗ್ ಎಂಬ ಜನರು ವಿಯೆಟ್ನಾಂ ಯುದ್ಧದ ಕಾಲದಲ್ಲಿ ಅಮೆರಿಕದ ಗುಪ್ತ ಯುದ್ಧದಲ್ಲಿ ಸಿಕ್ಕಿಕೊಂಡರು. 1975ರಲ್ಲಿ ಅಮೆರಿಕದವರು ಹೊರಟುಹೋದ ಮೇಲೆ ಇವರಿಗೆ ಊರಿನಲ್ಲಿ ಉಳಿಗಾಲವಿಲ್ಲವಾಯಿತು. ಮೆಕಾಂಗ್ ನದಿಯನ್ನು ದಾಟಿ ಥಾಯ್ಲೆಂಡಿನ ಶಿಬಿರಗಳಲ್ಲಿ ವರ್ಷಗಳನ್ನು ಕಳೆದು, ಸಾವಿರಾರು ಕುಟುಂಬಗಳು ಅಮೆರಿಕದ ಮಿನ್ನೆಸೋಟ, ಕ್ಯಾಲಿಫೋರ್ನಿಯ, ವಿಸ್ಕಾನ್ಸಿನ್ ಪ್ರಾಂತಗಳಲ್ಲಿ ನೆಲೆಸಿದವು. ಅಲ್ಲಿ, ಹಿಮ ಬೀಳುವ ಪಟ್ಟಣಗಳಲ್ಲಿ, ಕಾರ್ಖಾನೆಗಳಲ್ಲಿ ದುಡಿಯುತ್ತ ಅವರು ತಮ್ಮದೇ ಸಿನಿಮಾ ಮಾಡತೊಡಗಿದರು. ಸಣ್ಣ ವೀಡಿಯೊ ಕ್ಯಾಮರಾ, ಸ್ವಂತ ಹಣ, ಊರಿನ ನೆನಪಿನ ಪ್ರೇಮಕಥೆ, ಯುದ್ಧದ ಕಥೆ. ಕ್ಯಾಸೆಟ್ಟುಗಳು ಅವರ ಅಂಗಡಿಗಳಲ್ಲಿಯೂ ಹೊಸವರ್ಷದ ಜಾತ್ರೆಗಳಲ್ಲಿಯೂ ಮಾರಾಟವಾದವು. ಥಾಯ್, ಚೀನೀ ಚಿತ್ರಗಳಿಗೂ ನಮ್ಮ ಹಿಂದಿ ಚಿತ್ರಗಳಿಗೂ ತಮ್ಮ ಭಾಷೆಯ ಮಾತು ಕೂಡಿಸಿ ಮನೆಮಂದಿಯೆಲ್ಲ ನೋಡಿದರು. (ಡಬ್ಬಿಂಗ್ ಬೇಡವೆಂದು ದಶಕಗಳ ಕಾಲ ಹೋರಾಡಿದ ಕನ್ನಡ ಚಿತ್ರರಂಗದವರಿಗೆ ಇದು ವಿಚಿತ್ರವೆನಿಸಬಹುದು. ಸ್ವಂತ ಚಿತ್ರರಂಗವೇ ಇಲ್ಲದ ಭಾಷೆಗೆ ಅದೂ ಒಂದು ಊರುಗೋಲು.) ಲಾವೋಸಿಗೆ ಹಿಂದಿರುಗಿ ಚಿತ್ರೀಕರಿಸುವುದು ಅನೇಕರಿಗೆ ಸಾಧ್ಯವಿರಲಿಲ್ಲವಾದ್ದರಿಂದ ಎಷ್ಟೋ ಚಿತ್ರಗಳನ್ನು ಥಾಯ್ಲೆಂಡಿನ ಬೆಟ್ಟಗಳಲ್ಲಿ ತೆಗೆದರು. ಅಲ್ಲಿಯೂ ಒಂದು ಬೆಟ್ಟ ಇನ್ನೊಂದು ಬೆಟ್ಟದ ವೇಷ ಹಾಕಿತು. ಆದರೆ ಮುಂದೆ ನಿಂತ ಮುಖಗಳೂ ಮಾತೂ ಅವರದೇ ಆಗಿದ್ದವು.

ಹಾಲಿವುಡ್ಡಿಗೆ ಈ ಜನರು ಕಂಡದ್ದು 2008ರಲ್ಲಿ. ಕ್ಲಿಂಟ್ ಈಸ್ಟ್‌ವುಡ್ ನಿರ್ದೇಶಿಸಿ ನಟಿಸಿದ ‘ಗ್ರ್ಯಾನ್ ಟೊರಿನೊ’ ಚಿತ್ರದಲ್ಲಿ ಸಿಡುಕು ಸ್ವಭಾವದ ಬಿಳಿಯ ಮುದುಕನೊಬ್ಬನ ಪಕ್ಕದ ಮನೆಗೆ ಹ್ಮಾಂಗ್ ಕುಟುಂಬ ಬರುತ್ತದೆ. ಮುದುಕ ಕೊರಿಯಾ ಯುದ್ಧದಲ್ಲಿ ಹೋರಾಡಿದವನು. ಏಷ್ಯದವರನ್ನು ಕಂಡರೆ ಬೈಗುಳವೇ ಬಾಯಿಗೆ ಬರುವುದು. ಆ ಮನೆಯ ನಾಚಿಕೆಯ ಹುಡುಗ ಥಾವೊ ಕ್ರಮೇಣ ಅವನಿಗೆ ಮಗನಂತಾಗುತ್ತಾನೆ. ಕೊನೆಗೆ ಹುಡುಗನಿಗಾಗಿ ಮುದುಕ ಪ್ರಾಣ ಕೊಡುತ್ತಾನೆ. ಥಾವೊನ ಪಾತ್ರಕ್ಕೆ ಆಯ್ಕೆಯಾದವನು ಮಿನ್ನೆಸೋಟದ ಹದಿಹರೆಯದ ಹುಡುಗ ಬೀ ವಾಂಗ್. ಹ್ಮಾಂಗ್ ಪಾತ್ರಗಳಿಗೆ ಹ್ಮಾಂಗರನ್ನೇ ಹುಡುಕಿ ತಂದದ್ದು ಈಸ್ಟ್‌ವುಡ್ ಅವರ ಹೆಚ್ಚಳವೆಂದು ಎಲ್ಲರೂ ಹೊಗಳಿದರು. ಮನೆಗಳಲ್ಲಿ ಹೆಮ್ಮೆ, ತಮ್ಮ ಮಾತನ್ನು ದೊಡ್ಡ ತೆರೆಯ ಮೇಲೆ ಕೇಳಿದ ಸಂತೋಷ. ಚಿತ್ರ ಲೋಕದಾದ್ಯಂತ 27 ಕೋಟಿ ಡಾಲರಿನಷ್ಟು ಗಳಿಸಿತು.

ಆಮೇಲೆ ಆ ಹುಡುಗನ ಕಷ್ಟ ಆರಂಭವಾಯಿತು. ಮುದುಕನ ಪ್ರತಿಯೊಂದು ಬೈಗುಳಕ್ಕೂ ಚಿತ್ರಮಂದಿರದಲ್ಲಿ ನಗೆಯೇಳುವುದನ್ನು ಆತ ಕೇಳಿದ. ಸಂಪ್ರದಾಯದ ವಿವರಗಳು ಅಲ್ಲಲ್ಲಿ ತಪ್ಪಿದ್ದನ್ನು ಹ್ಮಾಂಗರು ಎತ್ತಿ ಆಡಿದರು. ತನ್ನ ಜನಾಂಗದ ಗಂಡಸು ಅಶಕ್ತ, ಅವನನ್ನು ಬಿಳಿಯನೇ ಉದ್ಧರಿಸಬೇಕು ಎಂಬ ಅರ್ಥ ತನ್ನ ಮುಖದಿಂದಲೇ ಹೊರಟಿತೆಂಬುದು ಆತನನ್ನು ಕೊರೆಯಿತು. ಕಥೆ ಬರೆದವರು ಬೇರೆ, ಹಣ ಹಾಕಿದವರು ಬೇರೆ. ಆದರೆ ಜನ ನೆನಪಿಟ್ಟುಕೊಂಡದ್ದು ಥಾವೊನ ಮುಖವನ್ನು. ಬೀ ವಾಂಗ್ ಸುಮ್ಮನಿರಲಿಲ್ಲ. ಹ್ಮಾಂಗ್ ಚಿತ್ರಗಳನ್ನು ಅಧ್ಯಯನ ಮಾಡಿದ್ದ ಮಾನವಶಾಸ್ತ್ರಜ್ಞೆ ಲೂಯಿಸಾ ಶೈನ್ ಅವರ ಜತೆ ಸೇರಿ 2010ರಲ್ಲಿ ಆ ಚಿತ್ರದ ದೃಶ್ಯವನ್ನು ತಲೆಕೆಳಗು ಮಾಡಿದ ಪುಟ್ಟ ಅಣಕು ಚಿತ್ರವೊಂದನ್ನು ಮಾಡಿದ. ಅದರಲ್ಲಿ ಥಾವೊ ಬಾಯಿ ಮುಚ್ಚಿಕೊಂಡು ಕೇಳುವವನಲ್ಲ. ಕೊರೋನ ಕಾಲದಲ್ಲಿ ಏಷ್ಯದವರ ಮೇಲೆ ಹಲ್ಲೆಗಳು ನಡೆದಾಗ, 2021ರಲ್ಲಿ, ಆ ಚಿತ್ರದ ಬೈಗುಳಗಳಿಗೆ ನಕ್ಕ ನಗು ಎಲ್ಲಿಗೆ ಬಂದು ಮುಟ್ಟಿತೆಂದು ಬಹಿರಂಗವಾಗಿ ಬರೆದ. ತಾನೇ ನಟಿಸಿದ, ತನಗೆ ಹೆಸರು ತಂದ ಚಿತ್ರದ ವಿರುದ್ಧ ಹೀಗೆ ಮಾತಾಡುವ ನಟರು ಎಷ್ಟು ಮಂದಿ ಸಿಕ್ಕಾರು?

ಈ ಕಥೆಯನ್ನು ಕೇಳಿ ಪಶ್ಚಿಮ ಘಟ್ಟಕ್ಕೆ ಹಿಂದಿರುಗಿದರೆ ಉತ್ತರ ಕನ್ನಡದ ಸಿದ್ದಿಗಳು ನೆನಪಾಗುತ್ತಾರೆ. ಯಲ್ಲಾಪುರ, ಹಳಿಯಾಳ, ಅಂಕೋಲೆಗಳ ಕಾಡಿನಂಚಿನಲ್ಲಿ ವಾಸಿಸುವ ಇವರ ಪೂರ್ವಿಕರನ್ನು ಶತಮಾನಗಳ ಹಿಂದೆ ಆಫ್ರಿಕದಿಂದ ಗುಲಾಮರಾಗಿ ತರಲಾಯಿತು. ಅಚ್ಚ ಕನ್ನಡ, ಕೊಂಕಣಿ ಆಡುವ ಇವರನ್ನು ಬೆಂಗಳೂರಿನ ಬೀದಿಯಲ್ಲಿ ವಿದೇಶಿಯರೆಂದು ಭಾವಿಸುವವರು ಈಗಲೂ ಉಂಟು. 1980ರ ದಶಕದಲ್ಲಿ ಹೆಗ್ಗೋಡಿನ ನೀನಾಸಂನ ಚಿದಂಬರರಾವ್ ಜಂಬೆಯವರು ಮಂಚಿಕೇರಿಯಲ್ಲಿ ಸಿದ್ದಿಗಳನ್ನು ಕೂಡಿಸಿಕೊಂಡು ನಾಟಕ ಮಾಡಿದರು. ಅಲ್ಲಿ ಬಿದ್ದ ಬೀಜ ವ್ಯರ್ಥವಾಗಲಿಲ್ಲ. ಮುಂದೆ ನೀನಾಸಂನಲ್ಲಿ ಕಲಿತ ಪ್ರಶಾಂತ್ ಸಿದ್ದಿ ಚಲನಚಿತ್ರಕ್ಕೆ ಬಂದರು. 2011ರ ‘ಪರಮಾತ್ಮ’ದಿಂದ ಈಚೆಗೆ ಅವರ ಮುಖ ಪ್ರೇಕ್ಷಕರಿಗೆ ಪರಿಚಿತ. ಬಹುಮಟ್ಟಿಗೆ ಅವು ನಾಯಕನ ಪಕ್ಕದ ಪಾತ್ರಗಳು. ಆದರೂ ತೆರೆಯ ಮೇಲೆ ಸಿದ್ದಿಯೊಬ್ಬ ನಿರರ್ಗಳ ಕನ್ನಡದಲ್ಲಿ ಚಟಾಕಿ ಹಾರಿಸುವುದೇ ಒಂದು ಪಾಠ; ಅದನ್ನು ಯಾವ ಪಠ್ಯಪುಸ್ತಕವೂ ಅಷ್ಟು ಬೇಗ ಕಲಿಸಲಿಲ್ಲ. 2024ರಲ್ಲಿ ಜಯನ್ ಚೆರಿಯನ್ ನಿರ್ದೇಶಿಸಿದ ‘ರಿದಮ್ ಆಫ್ ದಮ್ಮಾಮ್’ ಗೋವೆಯ ಚಿತ್ರೋತ್ಸವದಲ್ಲಿ ಪ್ರದರ್ಶನಗೊಂಡಿತು. ದಮ್ಮಾಮ್ ಎಂದರೆ ಸಿದ್ದಿಗಳ ವಾದ್ಯ. ಅದರ ಪಾತ್ರವರ್ಗವೆಲ್ಲ ಸಿದ್ದಿಗಳಿಂದಲೇ ತುಂಬಿತ್ತು. ಪ್ರಶಾಂತ್ ಸಿದ್ದಿಯವರೂ ಗಾಯಕಿ, ನಟಿ ಗಿರಿಜಾ ಸಿದ್ದಿಯವರೂ ಅದರಲ್ಲಿದ್ದಾರೆ. ನಿರ್ದೇಶಕರು ಹೊರಗಿನವರು, ಮುಖಗಳು ಒಳಗಿನವು. ಇದು ತಬರನ ಚಿತ್ರದ ಲೆಕ್ಕವನ್ನು ತಿರುವಿ ಹಾಕಿದಂತೆ.

ಘಟ್ಟದ ಕೆಳಗೆ ಈ ಪ್ರಯೋಗಗಳು ಹಳೆಯವು. ಮೊದಲ ತುಳು ಚಿತ್ರ ‘ಎನ್ನ ತಂಗಡಿ’ 1971ರಲ್ಲಿ ಬಂತು. ಮರುವರ್ಷವೇ ಕೊಡವ ಭಾಷೆಯ ‘ನಾಡ ಮಣ್ಣ್ ನಾಡ ಕೂಳ್’. ಸಕಲೇಶಪುರದ ಪೇಟೆಯಲ್ಲಿಯೂ ಕಿವಿಗೆ ಬೀಳುವ ಬ್ಯಾರಿ ಭಾಷೆಯ ‘ಬ್ಯಾರಿ’ ಎಂಬ ಚಿತ್ರಕ್ಕೆ 2011ರ ಸಾಲಿನ ಶ್ರೇಷ್ಠ ಚಿತ್ರದ ರಾಷ್ಟ್ರಪ್ರಶಸ್ತಿಯಲ್ಲಿ ಅರ್ಧಪಾಲು ಸಂದಿತು. ಅದರ ನಾಯಕಿ ಮಲ್ಲಿಕಾ ಮಲಯಾಳ ಚಿತ್ರರಂಗದವರು. ಅವರ ಅಭಿನಯಕ್ಕೂ ವಿಶೇಷ ಮನ್ನಣೆ ದೊರೆಯಿತು. 2022ರ ‘ಕಾಂತಾರ’ವನ್ನಂತೂ ಹೇಳಬೇಕಾಗಿಯೇ ಇಲ್ಲ. ಕುಂದಾಪುರದ ಕೆರಾಡಿಯ ರಿಷಬ್ ಶೆಟ್ಟಿ ತಮ್ಮೂರಿನಲ್ಲೇ ಅದನ್ನು ಚಿತ್ರೀಕರಿಸಿದರು, ತಾವೇ ಮುಖ್ಯ ಪಾತ್ರ ವಹಿಸಿದರು, ರಾಷ್ಟ್ರಪ್ರಶಸ್ತಿ ಪಡೆದರು. ಕರಾವಳಿಯಲ್ಲಿ ದೈವಕ್ಕೆ ನೇಮ ಕಟ್ಟುವವರು ನಲಿಕೆ, ಪರವ, ಪಂಬದರೆಂಬ ಸಮುದಾಯಗಳವರು. ಚಿತ್ರ ಗೆದ್ದ ಮೇಲೆ ಊರೂರಿನ ವೇದಿಕೆಗಳಲ್ಲಿ ದೈವದ ವೇಷ ಹಾಕಿ ಕುಣಿಯುವ ಚಪಲ ಹಬ್ಬಿದಾಗ, ಇದು ಆಟದ ವಸ್ತುವಲ್ಲವೆಂದು ದೈವದ ಚಾಕರಿಯವರು ನೊಂದು ಹೇಳಬೇಕಾಯಿತು. ಚಿತ್ರದ ನಟ ಶ್ರದ್ಧೆಯಿಂದಲೇ ಅಭಿನಯಿಸಿದ್ದರೂ ಅದನ್ನು ನೋಡಿ ಅನುಕರಿಸುವವರೆಲ್ಲರ ಹೊಣೆ ಅವರು ಹೊರಲಾಗುತ್ತದೆಯೆ? ವಾಚಕರ ಮನೆಗಳಲ್ಲಿ ಈ ವಿಷಯದಲ್ಲಿ ಎರಡು ಅಭಿಪ್ರಾಯಗಳು ಖಂಡಿತ ಇದ್ದಾವು.

ಸಕಲೇಶಪುರದ ಲೈನ್ ಮನೆಗಳ ಕಥೆಯನ್ನು ಆ ಮನೆಗಳವರೇ ನಟಿಸಿ ತೋರಿಸಿದ ದೊಡ್ಡ ಚಿತ್ರ ಇನ್ನೂ ಬರಬೇಕಾಗಿದೆ. ಸಿನಿಮಾದವರು ಬರುವುದು ಹೆಚ್ಚಾಗಿ ಮಳೆಗೆ, ಮಂಜಿಗೆ. ಬಿಸಿಲೆ ಘಟ್ಟದ ನೋಟದ ಕಟ್ಟೆಯಲ್ಲಿ, ಪಾಂಡವರ ಗುಡ್ಡದ ಇಳಿಜಾರಿನಲ್ಲಿ ಪ್ರವಾಸಿಗಳು ತಮ್ಮ ಫೋಟೋ ತಾವೇ ತೆಗೆದುಕೊಂಡು ಹಿಂದಿರುಗುತ್ತಾರೆ. ತೋಟದವರ ಬಿಡುವಿನ ಕಾಲ ಅದಲ್ಲ. ಕೊಯ್ಲು ಮುಗಿದು, ಕಣದಲ್ಲಿ ಹರವಿದ ಕಾಫಿ ಒಣಗಿ ಚೀಲ ಸೇರಿ, ಬಟವಾಡೆಯ ಲೆಕ್ಕ ಚುಕ್ತಾ ಆದ ಮೇಲೆ ಸುಗ್ಗಿಯ ದಿನಗಳು ಬರುತ್ತವೆ. ಮಾರ್ಚ್ ಏಪ್ರಿಲ್‌ನಲ್ಲಿ ಒಂದು ಸಂಜೆ ಹೂಮಳೆ ಬೀಳುತ್ತದೆ. ವಾರ ಹತ್ತು ದಿನಕ್ಕೆ ಗುಡ್ಡಕ್ಕೆ ಗುಡ್ಡವೇ ಬೆಳ್ಳಗಾಗಿ ಮಲ್ಲಿಗೆಯಂಥ ಪರಿಮಳ ಲೈನ್ ಮನೆಗಳ ಒಳಗೂ ತುಂಬಿಕೊಳ್ಳುತ್ತದೆ. ಆಗ ಊರೂರಿನ ಸುಗ್ಗಿ ಕಟ್ಟೆಗಳಲ್ಲಿ ಕುಣಿತ ನಡೆಯುತ್ತದೆ, ನಾಟಕದವರು ಪರದೆಗಳನ್ನು ಬಿಸಿಲಿಗೆ ಹರವುತ್ತಾರೆ. ಸಂಜೆ ಆರರ ಹೊತ್ತಿಗೆ ತೋಟದಿಂದ ಬಂದು ಕೈಕಾಲು ತೊಳೆದವರು ಕುಡಿಮೀಸೆಗೆ ಮಸಿ, ಕೆನ್ನೆಗೆ ಬಣ್ಣ ಹಚ್ಚಿಕೊಂಡು, ಒಬ್ಬರ ಮುಖವನ್ನು ಇನ್ನೊಬ್ಬರು ಬೆಳಕಿಗೆ ತಿರುಗಿಸಿ ನೋಡುತ್ತಾರೆ.